ಸಿನಿಮಾದ ಮಲತಾಯಿ, ನಮ್ಮ ಮನೆಯ ಚಿಕ್ಕಿ

ಮಲತಾಯಿಯಾಗುವ ಮೊದಲೇ ನಾನು ಎಷ್ಟೋ ಮಲತಾಯಂದಿರಿಗೆ ಮಾತು ಬರೆದುಕೊಟ್ಟಿದ್ದೆ. ನನ್ನ ಕೆಲಸವೇ ಅದು. ಹಿಂದಿ ಸಿನಿಮಾಗಳು, ಧಾರಾವಾಹಿಗಳು, ಈಚೆಗೆ ಮೊಬೈಲಿನಲ್ಲಿ ನೋಡುವ ಸರಣಿಗಳು ಕನ್ನಡಕ್ಕೆ ಡಬ್ ಆಗುವಾಗ ನಟರ ತುಟಿಗೆ ಹೊಂದುವ ಹಾಗೆ ಕನ್ನಡದ ಮಾತು ಬರೆಯುತ್ತೇನೆ. ವಾರಕ್ಕೆ ಎರಡು ಮೂರು ದಿನ ಮಲಾಡಿನ ಒಂದು ಸ್ಟುಡಿಯೋದಲ್ಲಿ, ಉಳಿದ ದಿನ ಚೆಂಬೂರಿನ ಮನೆಯಲ್ಲಿ.

ನಾನು ಬರೆದ ಮಲತಾಯಂದಿರಲ್ಲಿ ಎರಡು ಬಗೆ. ಹಳೆಯ ಬಗೆಯವಳು ಸ್ವಂತ ಮಗನಿಗೆ ತುಪ್ಪ ಬಡಿಸಿ ಸವತಿಯ ಮಗಳಿಗೆ ತಂಗಳು ಹಾಕುತ್ತಾಳೆ, ಸೌಟು ಕಾಯಿಸಿ ಬರೆ ಎಳೆಯುತ್ತಾಳೆ, ಗಂಡ ಬಂದ ಸದ್ದು ಕೇಳಿದ ಕೂಡಲೇ ಮಗುವಿನ ತಲೆ ಸವರುತ್ತಾಳೆ. ಹೊಸ ಬಗೆಯವಳು ಒಳ್ಳೆಯವಳು. ದೊಡ್ಡ ಫ್ಲ್ಯಾಟಿನಲ್ಲಿರುತ್ತಾಳೆ. ಮಕ್ಕಳು ಮಧ್ಯಂತರದವರೆಗೆ ಮುಖ ತಿರುಗಿಸಿಕೊಂಡಿರುತ್ತಾರೆ. ಆಮೇಲೆ ಯಾರಿಗೋ ಜ್ವರ ಬರುತ್ತದೆ, ಇಲ್ಲವೇ ಶಾಲೆಯ ವೇದಿಕೆಯ ಮೇಲೆ ಮಗುವಿಗೆ ಮಾತು ಮರೆತುಹೋಗುತ್ತದೆ, ಅವಳು ಸಭೆಯ ನಡುವೆ ಎದ್ದು ನಿಲ್ಲುತ್ತಾಳೆ, ಮಗು ‘ಮಮ್ಮಿ’ ಎಂದು ಓಡಿಬರುತ್ತದೆ, ಹಿಂದೆ ಪಿಟೀಲು. ಇಬ್ಬರಿಗೂ ಮಾತು ಬರೆಯುವುದು ಸುಲಭ. ಒಬ್ಬಳು ಬರಿಯ ಕೆಡುಕು, ಇನ್ನೊಬ್ಬಳು ಬರಿಯ ತಾಳ್ಮೆ. ಪತ್ರಿಕೆಗಳಲ್ಲಂತೂ ಇವತ್ತಿಗೂ ನಮ್ಮ ಜಿಲ್ಲೆಗೆ ರೈಲು ಬರದಿದ್ದರೆ ಅದು ಕೇಂದ್ರದ ‘ಮಲತಾಯಿ ಧೋರಣೆ’.

ನಾನು ಮೈಸೂರಿನವಳು. ಇಪ್ಪತ್ತನಾಲ್ಕನೆಯ ವಯಸ್ಸಿನಲ್ಲಿ ಮುಂಬಯಿಗೆ ಬಂದು, ಚೆಂಬೂರಿನಲ್ಲಿ ಒಬ್ಬರ ಮನೆಯಲ್ಲಿ ಪೇಯಿಂಗ್ ಗೆಸ್ಟ್ ಆಗಿ ಸೇರಿ, ಅಲ್ಲಿಯೇ ಹದಿನಾಲ್ಕು ವರ್ಷ ಕಳೆದೆ. ಮದುವೆಯ ಯೋಚನೆ ಬಿಟ್ಟೇಬಿಟ್ಟಿದ್ದೆ. ಸ್ಟೇಷನ್ ಹತ್ತಿರದ ಉಡುಪಿ ಹೋಟೆಲಿನಲ್ಲಿ ಬೆಳಗಿನ ತಿಂಡಿ. ಇಡ್ಲಿ ಬರುವವರೆಗೆ ಕೈಯಲ್ಲಿದ್ದ ಹಾಳೆ ನೋಡಿಕೊಂಡು, ಯಾವ ಅಕ್ಷರಕ್ಕೆ ತುಟಿ ಮುಚ್ಚುತ್ತದೆ, ಯಾವುದಕ್ಕೆ ತೆರೆಯುತ್ತದೆ ಎಂದು ಸದ್ದಿಲ್ಲದೆ ಬಾಯಾಡಿಸುವುದು ನನ್ನ ಅಭ್ಯಾಸ. ಒಂದು ದಿನ ಹೋಟೆಲಿನ ಮ್ಯಾನೇಜರು ನನ್ನ ಮೇಜಿನ ಬಳಿ ನಿಂತು, “ನೀವು ದಿನಾ ಪ್ರಾರ್ಥನೆ ಮಾಡಿಯೇ ತಿನ್ನುದಾ?” ಎಂದು ಕೇಳಿದರು. ನಾನು ನಕ್ಕು, “ಇಲ್ಲ, ಇದು ಖಳನಾಯಕನ ಮಾತು” ಎಂದೆ. ಅವರನ್ನೇ ಮದುವೆಯಾದೆ, ಎರಡು ವರ್ಷದ ಮೇಲೆ.

ಅವರ ಮೊದಲ ಹೆಂಡತಿ ಕಾಯಿಲೆಯಿಂದ ತೀರಿಕೊಂಡಿದ್ದರು. ಒಬ್ಬಳೇ ಮಗಳು. ನಮ್ಮ ಮದುವೆಯ ಹೊತ್ತಿಗೆ ಅವಳಿಗೆ ಒಂಬತ್ತು ವರ್ಷ. ಅಪ್ಪನ ಜೊತೆ ತುಳು, ಬಿಲ್ಡಿಂಗಿನ ಗೆಳತಿಯರ ಜೊತೆ ಹಿಂದಿ, ಶಾಲೆಯಲ್ಲಿ ಇಂಗ್ಲಿಷ್. ಕನ್ನಡ ಅರ್ಥವಾಗುತ್ತಿತ್ತು, ಆಡಲು ತಡವರಿಸುತ್ತಿದ್ದಳು. ನನಗೆ ತುಳು ಬಾರದು. ಹಾಗಾಗಿ ನಮ್ಮಿಬ್ಬರ ನಡುವೆ ಮೊದಲ ದಿನಗಳಲ್ಲಿ ಇದ್ದದ್ದು ಅರ್ಧ ಭಾಷೆ. ಅವರು ಮಗಳಿಗೆ, “ಅಮ್ಮ ಅಂತ ಕರಿ” ಎಂದಾಗ ನಾನೇ ತಡೆದೆ. ಅವಳು ಎರಡು ದಿನ ಏನೂ ಕರೆಯದೆ, ಮೂರನೆಯ ದಿನದಿಂದ ‘ಆಂಟಿ’ ಎಂದಳು. ಬಿಲ್ಡಿಂಗಿನಲ್ಲಿ ಎಲ್ಲರೂ ಆಂಟಿಯರೇ. ಹಾಲು ಕೊಡುವವಳೂ ಆಂಟಿ, ಅವಳ ಹೋಮ್‌ವರ್ಕಿಗೆ ಸಹಿ ಮಾಡುವ ನಾನೂ ಆಂಟಿ.

ಮಗುವಿನ ಅಜ್ಜಿ, ಅಂದರೆ ತೀರಿಕೊಂಡವಳ ತಾಯಿ, ಕಾಂದಿವಲಿಯಲ್ಲಿ ಮಗ ಸೊಸೆಯ ಜೊತೆ ಇದ್ದರು. ಮಗ ಅಲ್ಲಿಯ ಒಂದು ಕಾರ್ಖಾನೆಯಲ್ಲಿ ಸೂಪರ್‌ವೈಸರ್ ಆಗಿದ್ದು ನಿವೃತ್ತರಾದವರು. ತಾಯಿಯ ಮಾತ್ರೆಗಳನ್ನು ಡಬ್ಬಿಗೆ ಹಾಕಿಡುವುದು, ಕಾಲಿನ ಉಗುರು ಕತ್ತರಿಸುವುದು, ಎಲ್ಲ ಅವರೇ. ಅವರು ತಾಯಿಯನ್ನು ‘ಚಿಕ್ಕಿ’ ಎಂದು ಕರೆಯುತ್ತಿದ್ದರು. ನನಗೆ ಅದು ಆ ಮನೆಯ ಯಾವುದೋ ಮುದ್ದಿನ ಹೆಸರು ಅನ್ನಿಸಿ ಸುಮ್ಮನಾಗಿದ್ದೆ.

ಶನಿವಾರ ಶನಿವಾರ ಮಗಳನ್ನು ಅಲ್ಲಿಗೆ ಕರೆದುಕೊಂಡು ಹೋಗುವುದು ಮದುವೆಗೆ ಮುಂಚೆಯೇ ಆಗಿದ್ದ ಒಪ್ಪಂದ. ಮನೆಯವರಿಗೆ ಶನಿವಾರ ಹೋಟೆಲಿನಲ್ಲಿ ಬಿಡುವಿಲ್ಲ. ಆದ್ದರಿಂದ ಕುರ್ಲಾದಲ್ಲಿ ಒಮ್ಮೆ, ದಾದರ್‌ನಲ್ಲಿ ಒಮ್ಮೆ ಗಾಡಿ ಬದಲಿಸಿ ನಾನೇ ಕರೆದೊಯ್ಯುತ್ತಿದ್ದೆ. ಅವಳನ್ನು ಅಜ್ಜಿಯ ಹತ್ತಿರ ಬಿಟ್ಟು, ಒಂದು ಸ್ಟೇಷನ್ ಹಿಂದಕ್ಕೆ ಬಂದು ಸ್ಟುಡಿಯೋ ಸೇರಿ, ಸಂಜೆ ಮತ್ತೆ ಹೋಗಿ ಕರೆತರುವುದು. ಅಜ್ಜಿ ನನಗೆ ‘ನೀವು’ ಎನ್ನುತ್ತಿದ್ದರು. ಚಹಾ ಕೊಡುತ್ತಿದ್ದರು, ಬಿಸ್ಕತ್ತು ಕೊಡುತ್ತಿದ್ದರು. ಆದರೆ ಮಗು ಒಳಗೆ ಹೆಜ್ಜೆಯಿಟ್ಟ ಕೂಡಲೇ ಕಿಟಕಿಯ ಬೆಳಕಿಗೆ ನಿಲ್ಲಿಸಿ, ಕೆನ್ನೆ ಹಿಡಿದು, ಕುತ್ತಿಗೆ ತಿರುಗಿಸಿ, ಎರಡೂ ತೋಳು ಸವರಿ ನೋಡುತ್ತಿದ್ದರು. ಪ್ರೀತಿಯಿಂದ ಸವರುವ ಹಾಗೆಯೇ ಇರುತ್ತಿತ್ತು. ಆದರೆ ಅವರು ಏನು ಹುಡುಕುತ್ತಿದ್ದಾರೆಂದು ನನಗೆ ಗೊತ್ತಿತ್ತು. ಅಂಥ ದೃಶ್ಯಗಳಿಗೆ ಮಾತು ಬರೆದವಳು ನಾನು.

ಮದುವೆಯಾದ ಮರುವರ್ಷದ ಮೇ ತಿಂಗಳು. ಒಂದು ಶನಿವಾರ ಬೆಳಿಗ್ಗೆ ನಾನು ಸ್ನಾನಕ್ಕೆ ಹೋಗಿದ್ದಾಗ ಮಗಳು ತಾನೇ ದೋಸೆ ಹುಯ್ಯಲು ಹೋಗಿ ಕಾವಲಿಯ ಅಂಚಿಗೆ ಮೊಣಕೈಯ ಕೆಳಗೆ ಸುಟ್ಟುಕೊಂಡಳು. ನಾನು ಕೂಗು ಕೇಳಿ ಒದ್ದೆ ತಲೆಯಲ್ಲೇ ಓಡಿಬಂದೆ. ನಲ್ಲಿಯ ಕೆಳಗೆ ಕೈ ಹಿಡಿಸಿದೆ, ಮುಲಾಮು ಹಚ್ಚಿದೆ. ಎರಡು ಬೆರಳಿನಷ್ಟು ಉದ್ದದ ನೇರ ಕೆಂಪು ಗೆರೆ. ಅವಳು ಅತ್ತದ್ದು ಐದು ನಿಮಿಷ. ನಾನು ಮಾತ್ರ ಆ ಗೆರೆಯನ್ನೇ ನೋಡುತ್ತ ಕೂತೆ. ಯಾವ ಸಿನಿಮಾದ ಮೇಕಪ್ಪಿನವನೂ ಅದಕ್ಕಿಂತ ಅಚ್ಚುಕಟ್ಟಾಗಿ ಬರೆ ಬಿಡಿಸಲಾರ.

ಆಗ ನಾನು ಮಾಡಿದ್ದನ್ನು ಬರೆಯಲು ಈಗಲೂ ನಾಚಿಕೆಯಾಗುತ್ತದೆ. ಬೀರುವಿನಿಂದ ಅವಳ ಪೂರ್ತಿ ತೋಳಿನ ಅಂಗಿ ತೆಗೆದು ಹಾಕಿಕೊಳ್ಳಲು ಕೊಟ್ಟೆ.

“ಆಂಟಿ, ಇಷ್ಟು ಗರ್ಮಿಯಲ್ಲಿ ಯಾಕೆ?” ಎಂದಳು.

“ಟ್ರೇನಲ್ಲಿ ಯಾರದಾದ್ರೂ ಬ್ಯಾಗ್ ತಗುಲುತ್ತೆ ಪುಟ್ಟಾ” ಎಂದೆ. ಸುಳ್ಳಲ್ಲ. ನಿಜವೂ ಅಲ್ಲ.

ಕಾಂದಿವಲಿಯಲ್ಲಿ ಅಜ್ಜಿ ಬಾಗಿಲು ತೆಗೆದವರೇ, “ಎಂತ, ಈ ಸೆಕೆಯಲ್ಲಿ ಪೂರ್ತಿ ಕೈಯದ್ದು?” ಎಂದು ತೋಳು ಮೇಲಕ್ಕೆ ಸರಿಸಿದರು. ಆ ಗೆರೆ ಕಂಡಿತು. ಅಜ್ಜಿಯ ಕೈ ಅಲ್ಲೇ ನಿಂತಿತು.

“ಅಜ್ಜಿ, ಕುಛ್ ನಹೀ. ನಾನೇ ದೋಸೆ ಮಾಡ್ತಾ ಇದ್ದೆ, ತವಾ ಟಚ್ ಆಯ್ತು” ಎಂದಳು ಮಗಳು.

“ಹಾಗೆ ಹೇಳು ಅಂತ ಯಾರು ಹೇಳಿಕೊಟ್ಟದ್ದು?” ಅಜ್ಜಿ ಮೆಲ್ಲಗೆ ಕೇಳಿದರು. ನೋಡಿದ್ದು ಮಾತ್ರ ನನ್ನನ್ನು.

“ಕಿಸೀನೇ ನಹೀ, ಯಾರೂ ಇಲ್ಲ. ಸಚ್ಚಿ.”

ಸಿನಿಮಾದ ಮಗುವೂ ಹೀಗೆಯೇ ಹೇಳುತ್ತದೆ. ನಾನೇ ಮಾಡಿಕೊಂಡೆ, ಚಿಕ್ಕಮ್ಮನ ತಪ್ಪಿಲ್ಲ ಎಂದು. ಆ ಮಾತನ್ನು ನಾನೇ ಬೇರೆ ಬೇರೆ ರೀತಿಯಲ್ಲಿ ಬರೆದಿದ್ದೇನೆ, ನೋಡುವವರ ಕರುಳು ಹಿಂಡಲಿ ಎಂದು. ಈಗ ನಿಜ ಹೇಳುವ ಮಗುವಿಗೆ ಬೇರೆ ಮಾತೇ ಉಳಿದಿರಲಿಲ್ಲ. ನಾನು, “ಅಜ್ಜಿ, ನಾನು ಸ್ನಾನಕ್ಕೆ ಹೋಗಿದ್ದೆ...” ಎಂದು ಶುರುಮಾಡಿದೆ, ನನ್ನ ಕಿವಿಗೇ ಅದು ಸುಳ್ಳಿನ ಹಾಗೆ ಕೇಳಿಸಿ ಅರ್ಧಕ್ಕೆ ನಿಂತೆ. ಅಜ್ಜಿ ಮಗುವನ್ನು ಒಳಗೆ ಕರೆದುಕೊಂಡು ಹೋದರು. ಅವತ್ತು ಚಹಾ ಬರಲಿಲ್ಲ.

ಸಂಜೆ ಕರೆತರಲು ಹೋದಾಗ, “ಇವತ್ತು ಇಲ್ಲೇ ಇರಲಿ. ರಜೆ ಅಲ್ವಾ” ಎಂದರು. ಆಗಲಿ ಎಂದೆ. ಮಗಳು ಬಾಗಿಲಿನವರೆಗೆ ಬಂದು ನನ್ನ ಚೀಲದ ಪಟ್ಟಿ ಹಿಡಿದು ನಿಂತಳು. ಹೆಂಗಸರ ಡಬ್ಬಿಯಲ್ಲಿ ಒಬ್ಬಳೇ ನಿಂತು ಬರುವಾಗ ಪಕ್ಕದಲ್ಲಿದ್ದ ಗುಜರಾತಿ ಹೆಂಗಸು ಕೇಳದೆಯೇ ನನಗೆ ಕೂರಲು ಜಾಗ ಮಾಡಿಕೊಟ್ಟಳು. ನನ್ನ ಮುಖ ಹೇಗಿತ್ತೋ.

ಮನೆಯವರು ಕೇಳಿ ಸಿಟ್ಟಾದರು. “ನಾನು ಮಾತಾಡ್ತೇನೆ ಅವರ ಹತ್ತಿರ” ಎಂದರು. ಏನು ಮಾತಾಡಿದರೋ, ಸೋಮವಾರ ಬೆಳಿಗ್ಗೆ ಮಗಳನ್ನು ಕರೆದುಕೊಂಡು ಅಜ್ಜಿಯೇ ಬಂದರು. ಮಗ ಬ್ಯಾಗು ಹೊತ್ತು ತಂದು ಬಿಟ್ಟು ಹೋದರು. “ಒಂದು ವಾರ ಇರ್ತೇನೆ, ನಿಮಗೆ ತೊಂದರೆ ಇಲ್ಲದಿದ್ರೆ” ಎಂದು ಅಜ್ಜಿ ನನಗೆ ಹೇಳಿದರು. ಪರೀಕ್ಷೆ ಎಂದು ಇಬ್ಬರಿಗೂ ಗೊತ್ತಿತ್ತು.

ಮೊದಲ ಎರಡು ದಿನ ಅವರು ಅಡುಗೆಮನೆಯ ಸ್ಟೂಲಿನ ಮೇಲೆ ಕೂತು ಎಲ್ಲವನ್ನೂ ನೋಡಿದರು. ನಾನು ಬಡಿಸುವುದನ್ನು, ಜಡೆ ಹಾಕುವುದನ್ನು, ಮಗಳು ಮೊಬೈಲ್ ಬಿಡದಿದ್ದಾಗ ನಾನು ಗದರಬೇಕೋ ಬೇಡವೋ ಎಂದು ಒದ್ದಾಡುವುದನ್ನು. ಆ ಎರಡು ದಿನ ನಾನು ಅತಿ ಒಳ್ಳೆಯವಳಾಗಿದ್ದೆ. ಮಗಳು ಕೇಳಿದ್ದಕ್ಕೆಲ್ಲ ಹೂಂ ಎಂದೆ. ಅವಳಿಗೇ ಅನುಮಾನ ಬಂದು, “ಆಂಟಿ, ಆರ್ ಯೂ ಓಕೆ?” ಎಂದು ಕೇಳಿದಳು.

ಮೂರನೆಯ ದಿನ ಮಧ್ಯಾಹ್ನ ಊಟವಾದ ಮೇಲೆ ಟೀವಿ ಹಾಕಿದೆವು. ಯಾವುದೋ ಚಾನೆಲ್ಲಿನಲ್ಲಿ ಹಳೆಯ ಸಿನಿಮಾ. ನೋಡಿದರೆ ಅದೇ ಕತೆ. ಮಲತಾಯಿ ತನ್ನ ಮಗನಿಗೆ ಹೋಳಿಗೆ ಬಡಿಸುತ್ತಿದ್ದಾಳೆ, ಮೂಲೆಯಲ್ಲಿ ಕೂತ ಹುಡುಗಿಗೆ ಗಂಜಿ. ನಾನು ರಿಮೋಟ್ ಹುಡುಕಿದೆ. ಅದು ಅಜ್ಜಿಯ ತೊಡೆಯ ಮೇಲಿತ್ತು. ಮೂವರೂ ಅಲುಗಾಡದೆ ನೋಡಿದೆವು.

ಅಜ್ಜಿ ಇದ್ದಕ್ಕಿದ್ದ ಹಾಗೆ, “ಇವಳು ಎರಡೆರಡು ಅಡುಗೆ ಮಾಡುದಾ?” ಎಂದರು. “ಒಂದು ಅಡುಗೆ ಮಾಡಿ ಮುಗಿಸುವಾಗಲೇ ನಮ್ಮ ಸೊಂಟ ಬೀಳ್ತದೆ. ಇವಳಿಗೆ ಬೇರೆ ಕೆಲಸ ಇಲ್ಲ ಮಾರಾಯ್ತಿ.”

ಮಗಳು ಕಿಸಕ್ಕನೆ ನಕ್ಕಳು. ನನಗೂ ತಡೆಯಲಾಗಲಿಲ್ಲ. ‘ಮಾರಾಯ್ತಿ’ ಎಂದು ಅವರು ಹೇಳಿದ್ದು ನನಗೆ ಎಂದು ಅರ್ಥವಾಗಲು ಒಂದು ಕ್ಷಣ ಹಿಡಿಯಿತು.

ಸಿನಿಮಾದ ನಡುವೆ ಜಾಹೀರಾತು ಬಂದಾಗ ಅಜ್ಜಿ ಸದ್ದು ಕಡಿಮೆ ಮಾಡಿ ಕೇಳಿದರು. “ಸುಟ್ಟುಕೊಂಡದ್ದು ಇವಳೇ ಅಂತ ನನಗೆ ಅವತ್ತೇ ಗೊತ್ತಾಯ್ತು. ಇವಳಿಗೆ ಸುಳ್ಳು ಹೇಳ್ಲಿಕ್ಕೆ ಬರುದಿಲ್ಲ, ಇವಳ ಅಮ್ಮನಿಗೂ ಬರ್ತಿರಲಿಲ್ಲ. ನನಗೆ ಹೆದರಿಕೆ ಆದದ್ದು ಆ ಅಂಗಿ ನೋಡಿ. ನೀನು ಯಾಕೆ ಅಡಗಿಸಿದ್ದು?”

‘ನೀನು’ ಎಂದಿದ್ದರು. ನಾನು ನಿಜ ಹೇಳಿದೆ. “ನೀವು ಏನಂದ್ಕೊಳ್ತೀರೋ ಅಂತ ಭಯ ಆಯ್ತು ಅಜ್ಜಿ.”

ಅವರು ಹೇಳತೊಡಗಿದರು. ಕಾಂದಿವಲಿಯ ಮಗ ಅವರ ಹೊಟ್ಟೆಯಲ್ಲಿ ಹುಟ್ಟಿದವನಲ್ಲ. ಅಜ್ಜಿ ಮದುವೆಯಾಗಿ ಮುಂಬಯಿಯ ಚಾಳಿನ ಒಂದೇ ಕೋಣೆಗೆ ಬಂದಾಗ ಅವನು ನಾಲ್ಕು ವರ್ಷದ, ತಾಯಿ ಸತ್ತ ಮಗು. ಆಮೇಲೆ ಹುಟ್ಟಿದವಳು ಈ ಮಗುವಿನ ಅಮ್ಮ.

“ಅವನ ಸೋದರಮಾವ ಡೋಂಗ್ರಿಯಲ್ಲಿ ಕೆಲಸಕ್ಕಿದ್ದ. ತಿಂಗಳಿಗೊಮ್ಮೆ ಬರುವುದು. ಬಂದವನೇ ಮಗುವಿನ ಅಂಗಿ ಎತ್ತಿ ಪಕ್ಕೆಲುಬು ನೋಡುವುದು, ನಾನು ಊಟ ಹಾಕ್ತೇನಾ ಇಲ್ವಾ ಅಂತ. ನನಗೆ ಹತ್ತೊಂಬತ್ತು ವರ್ಷ. ಅವನು ಬರುವ ಹಿಂದಿನ ದಿನ ಮಗುವಿಗೆ ಮೈತುಂಬ ಎಣ್ಣೆ ಹಚ್ಚಿ ಮೀಯಿಸ್ತಿದ್ದೆ, ಮೈ ಮಿಂಚಲಿ ಅಂತ.” ಅಜ್ಜಿ ನಕ್ಕರು. “ನಿನ್ನ ಪೂರ್ತಿ ಕೈಯ ಅಂಗಿ, ನನ್ನ ಎಣ್ಣೆ. ಎರಡೂ ಒಂದೇ.”

“ಮತ್ತೆ ನೀವ್ಯಾಕೆ ಅಜ್ಜಿ...” ಎಂದು ನಾನು ಕೇಳಹೊರಟು ನಿಲ್ಲಿಸಿದೆ. ಅವರಿಗೆ ಅರ್ಥವಾಯಿತು.

“ಅವಳು ನನ್ನ ಮಗಳ ಮಗಳಲ್ವಾ” ಎಂದರು. “ಆ ಮಾವನ ಕರುಳು ಎಷ್ಟು ಸುಡ್ತಿತ್ತು ಅಂತ ನನಗೆ ಈಗ ಗೊತ್ತಾದದ್ದು.”

ಮನೆಯವರಿಗೆ ಈ ಸಂಗತಿ ಮೊದಲೇ ಗೊತ್ತಿತ್ತಂತೆ. “ನಿನಗೆ ಗೊತ್ತಿಲ್ವಾ? ಬಾವ ಅವರನ್ನು ಚಿಕ್ಕಿ ಅಂತಲೇ ಕರೆಯುದಲ್ವಾ?” ಎಂದು ನನ್ನನ್ನೇ ಕೇಳಿದರು. ನಮ್ಮ ಮೈಸೂರಿನ ಚಿಕ್ಕಮ್ಮ ಅವರ ಕಡೆ ಚಿಕ್ಕಿ. ಅರುವತ್ತು ದಾಟಿದ ಮಗ, ಎಂಬತ್ತರ ಹತ್ತಿರದ ಚಿಕ್ಕಿ; ಅವರು ತಾಯಿ ಮಗನಲ್ಲ ಎಂದು ಒಂದು ವರ್ಷ ಪ್ರತಿ ಶನಿವಾರ ನೋಡಿದ ನನಗೆ ಹೊಳೆದಿರಲಿಲ್ಲ. ಹೊಳೆಯುವಂಥದ್ದು ಏನೂ ಅಲ್ಲಿರಲಿಲ್ಲ.

ಹೊರಡುವ ದಿನ ಅಜ್ಜಿ ಮೊಮ್ಮಗಳನ್ನು ಹತ್ತಿರ ಕರೆದು, “ಆಂಟಿ ಗೀಂಟಿ ಸಾಕು. ಚಿಕ್ಕಿ ಅಂತ ಕರಿ” ಎಂದರು.

“ಚಿಕ್ಕಿ? ಲೋನಾವಳಾದ್ದು?” ಅವಳಿಗೆ ಚಿಕ್ಕಿ ಎಂದರೆ ಶೇಂಗಾ ಬೆಲ್ಲದ ಚಿಕ್ಕಿ.

“ಚಿಕ್ಕಿ ಅಂದ್ರೆ ಅಮ್ಮನ ತಂಗಿ.”

ಮಗಳು ಯೋಚಿಸಿದಳು. “ಮತ್ಲಬ್, ಇವರು ನಿಮಗೆ ಮಗಳು?”

ಅಜ್ಜಿ ಬ್ಯಾಗಿನ ಜಿಪ್ ಎಳೆಯುತ್ತ, “ಲೆಕ್ಕ ಹಾಗೇ ಬರ್ತದೆ” ಎಂದರು. ನಾನು ಅಡುಗೆಮನೆಗೆ ಹೋಗಿ ಅವರಿಗೆ ಕಟ್ಟಿಕೊಡಬೇಕಿದ್ದ ಚಟ್ನಿಪುಡಿಯನ್ನು ಎರಡು ಸಲ ಡಬ್ಬಿ ಬದಲಿಸಿದೆ.

ಹಾಗಂತ ಮರುದಿನದಿಂದ ಎಲ್ಲ ಸರಿಹೋಯಿತು ಎಂದಲ್ಲ. ಮಗಳು ಹನ್ನೊಂದನೆಯ ವಯಸ್ಸಿನಲ್ಲಿ ಒಮ್ಮೆ, ಗೆಳತಿಯ ಮನೆಯಲ್ಲಿ ಉಳಿಯಲು ನಾನು ಬಿಡಲಿಲ್ಲವೆಂದು, “ನೀವು ನನ್ನ ಮಮ್ಮಿ ಅಲ್ಲ” ಎಂದು ಬಾಗಿಲು ಹಾಕಿಕೊಂಡಳು. ಈ ಮಾತನ್ನೂ ನಾನು ಬಹಳ ಸಲ ಬರೆದಿದ್ದೆ, ಅದಕ್ಕೆ ಉತ್ತರವನ್ನೂ. ಆ ಉತ್ತರಗಳನ್ನೆಲ್ಲ ಬಿಟ್ಟು ಅವತ್ತು ಹೊರಗಿನಿಂದ, “ಹೌದು, ಅಲ್ಲ. ಆದ್ರೂ ಇವತ್ತು ಹೋಗೋ ಹಾಗಿಲ್ಲ” ಎಂದೆ. ಅರ್ಧ ಗಂಟೆಯ ಮೇಲೆ ಅವಳೇ ಬಂದು ಮ್ಯಾಗಿ ಮಾಡಿಕೊಡಿ ಎಂದಳು. ಪಿಟೀಲು ಕೇಳಿಸಲಿಲ್ಲ. ಕ್ಷಮೆಯನ್ನೂ ಯಾರೂ ಕೇಳಲಿಲ್ಲ.

ಅವಳಿಗೆ ಹದಿಮೂರಾಗಿದ್ದಾಗ ನನಗೆ ಒಂದು ಹೊಸ ಸಿನಿಮಾ ಬರೆಯಲು ಬಂತು. ಇಬ್ಬರು ಮಕ್ಕಳ ಅಪ್ಪ, ಒಬ್ಬ ಮಗನ ಅಮ್ಮ, ಒಂದು ಮನೆ. ಕೊನೆಗೆ ಹುಡುಗಿ ಏರ್‌ಪೋರ್ಟಿನಲ್ಲಿ ಎಲ್ಲರ ಎದುರು ‘ಮಮ್ಮಿ’ ಎಂದು ಕೂಗಬೇಕು. ನಾನು ಮನೆಯಲ್ಲಿ ಆ ತುಣುಕನ್ನು ಮತ್ತೆ ಮತ್ತೆ ಹಾಕಿ ನೋಡುತ್ತಿದ್ದೆ. ಮಗಳು ಬೆನ್ನ ಹಿಂದೆ ಬಂದು ನಿಂತಳು.

“ಚಿಕ್ಕಿ, ಹೀಗೆ ಯಾರೂ ಕೂಗಲ್ಲ” ಎಂದಳು. “ಒಂದೇ ಸೀನ್‌ನಲ್ಲಿ ಥೋಡಿ ಹೋತಾ ಹೈ, ಆಗಲ್ಲ.”

“ಮತ್ತೆ ಹೇಗೆ ಆಗುತ್ತೆ?”

“ಪತಾ ನಹೀ. ಆಗುವಾಗ ಗೊತ್ತೇ ಆಗಲ್ಲ. ಇವಳು ಅವರನ್ನ ಚಿಕ್ಕಿ ಅಂತ ಕರೀಲಿ ನಾ.”

ಆಗುವುದಿಲ್ಲ ಎಂದು ವಿವರಿಸಿದೆ. ಪರದೆಯ ಮೇಲೆ ಆ ಹುಡುಗಿಯ ತುಟಿ ಎರಡು ಸಲ ಮುಚ್ಚುತ್ತದೆ. ‘ಮ’ ಇರುವ ಮಾತೇ ಬೇಕು. ಚಿಕ್ಕಿ ಎನ್ನುವಾಗ ತುಟಿಗಳು ಮುಟ್ಟುವುದೇ ಇಲ್ಲ. ಅವಳು ಕನ್ನಡಿಯ ಎದುರು ಹೋಗಿ ‘ಚಿಕ್ಕಿ, ಚಿಕ್ಕಿ’ ಎಂದು ಹೇಳಿ ನೋಡಿ, “ಹಾಂ, ಸ್ಮೈಲ್ ಥರ ಬರುತ್ತೆ” ಎಂದು ತನ್ನ ಕೋಣೆಗೆ ಹೋದಳು. ನಾನು ‘ಮಮ್ಮಿ’ ಎಂದೇ ಬರೆದೆ. ಸ್ಟುಡಿಯೋದಲ್ಲಿ ಎಲ್ಲರಿಗೂ ಇಷ್ಟವಾಯಿತು.

ಈಗ ಅವಳು ಕಾಲೇಜು. ಹೋದ ದೀಪಾವಳಿಯ ರಜೆಯಲ್ಲಿ ಅಜ್ಜಿಯನ್ನು ಒಮ್ಮೆ ಮಾಲ್‌ನ ಥಿಯೇಟರಿಗೆ ಕರೆದುಕೊಂಡು ಹೋಗಬೇಕೆಂದು ಹಟ ಹಿಡಿದಳು. ಮಲಾಡಿನಲ್ಲಿ ಒಂದು ಹಿಂದಿ ಸಿನಿಮಾ. ಕತೆ ಕೇಳಿಕೊಂಡು ಹೋದದ್ದಲ್ಲ; ಆದರೆ ಅದೂ ಎರಡನೆಯ ಮದುವೆಯ ಕುಟುಂಬದ್ದೇ. ಹೊಸ ಹೆಂಡತಿ ಬಂದು ಹಳೆಯ ಪರದೆಗಳನ್ನೆಲ್ಲ ಬದಲಿಸುತ್ತಾಳೆ, ಮಕ್ಕಳಿಗೆ ಕೇಕ್ ಮಾಡುತ್ತಾಳೆ, ಕೊನೆಗೆ ಎಲ್ಲರೂ ಸಮುದ್ರ ದಂಡೆಯಲ್ಲಿ ಬಿಳಿ ಬಟ್ಟೆ ಹಾಕಿಕೊಂಡು ಫೋಟೋ ತೆಗೆಸಿಕೊಳ್ಳುತ್ತಾರೆ. ಸುತ್ತ ಕೂತವರು ಮೂಗು ಒರೆಸುತ್ತಿದ್ದರು. ನನ್ನ ಕಣ್ಣಲ್ಲೂ ನೀರು ಬಂತು. ಕಸುಬಿನ ಗುಟ್ಟು ಗೊತ್ತಿದ್ದರೂ ಬರುತ್ತದೆ.

ಹೊರಗೆ ಬಂದು ಬೆಂಚಿನ ಮೇಲೆ ಕೂತಾಗ ಮಗಳು ಕೇಳಿದಳು, “ಅಜ್ಜಿ, ಹೇಗಿತ್ತು ಸಿನಿಮಾ?”

“ಚಂದ ಉಂಟು. ಎಲ್ಲರೂ ಒಳ್ಳೆಯವರು” ಎಂದರು ಅಜ್ಜಿ. ಸೆರಗಿನಲ್ಲಿ ಕನ್ನಡಕ ಒರೆಸಿಕೊಂಡು ಮತ್ತೆ ಹಾಕಿಕೊಂಡರು. “ಸತ್ತವಳದ್ದು ಒಂದು ಫೋಟೋ ಆ ಮನೆಯಲ್ಲಿ ಎಲ್ಲಿಯೂ ಇಲ್ಲ. ನೋಡಿದೆಯಾ? ಅಷ್ಟು ದೊಡ್ಡ ಮನೆ.”

ನಾನು ಗಮನಿಸಿರಲಿಲ್ಲ. ಹಳೆಯ ಸಿನಿಮಾಗಳಲ್ಲಿ ಹಾರ ಹಾಕಿದ ಆ ಫೋಟೋದ ಎದುರು ನಿಂತು ಮಗು ಅಳುತ್ತಿತ್ತು. ಹೊಸ ಸಿನಿಮಾದವರಿಗೆ ಎಲ್ಲರೂ ಸುಖವಾಗಿರಬೇಕು, ಅದಕ್ಕೆ ಫೋಟೋವನ್ನೇ ತೆಗೆದಿದ್ದಾರೆ. ನಮ್ಮ ಮನೆಯ ಹಾಲಿನಲ್ಲಿ ಅವಳ ಅಮ್ಮ ನೀಲಿ ಸೀರೆಯಲ್ಲಿ, ಗೇಟ್‌ವೇ ಹತ್ತಿರ, ಗಾಳಿಗೆ ಹಾರುವ ಕೂದಲು ಹಿಡಿದುಕೊಂಡು ನಗುತ್ತಾಳೆ. ನಾನು ಕಾಣದ ಆಕೆಯ ಮುಖವನ್ನು ದಿನವೂ ಒರೆಸುತ್ತೇನೆ. ಪರೀಕ್ಷೆಯ ದಿನ ಮಗಳು ಮೊದಲು ಆಕೆಗೆ ಕೈಮುಗಿದು, ಆಮೇಲೆ ನನ್ನ ಕೈಯಿಂದ ಮೊಸರು ಸಕ್ಕರೆ ತಿಂದು ಹೋಗುತ್ತಾಳೆ. ಎರಡರಲ್ಲಿ ಯಾವುದನ್ನೂ ಅವಳು ಇವತ್ತಿನವರೆಗೆ ತಪ್ಪಿಸಿಲ್ಲ.

“ಹಸಿವಾಗ್ತಾ ಉಂಟು” ಎಂದರು ಅಜ್ಜಿ. ಎಸ್ಕಲೇಟರ್ ಎಂದರೆ ಅವರಿಗೆ ಭಯ. ಹತ್ತುವಾಗ ಲಿಫ್ಟಿನಲ್ಲಿ ಬಂದಿದ್ದೆವು. ಈಗ ಅದರ ಎದುರು ದೊಡ್ಡ ಸಾಲು. ಮಗಳು ಅವರ ಎಡಗೈ ಹಿಡಿದಳು, ನಾನು ಬಲಗೈ. ಎಸ್ಕಲೇಟರಿನ ಮೆಟ್ಟಿಲು ಕಾಲಡಿಯಿಂದ ಹೊರಬರುವುದನ್ನು ಮೂವರೂ ನೋಡುತ್ತ ನಿಂತೆವು. ಹಿಂದಿನವರು, “ಚಲೋ ಮಾತಾಜಿ” ಎಂದರು.

“ತಡಿ ಮಾರಾಯ” ಎಂದು ಅಜ್ಜಿ ಅವರಿಗೆ ಕನ್ನಡದಲ್ಲೇ ಹೇಳಿ, ನನ್ನ ಕೈಯನ್ನು ಉಗುರು ನೆಡುವಷ್ಟು ಬಿಗಿಯಾಗಿ ಹಿಡಿದು, ಕಾಲು ಮುಂದಿಟ್ಟರು.